ಬಾಲಣ್ಣನನ್ನು ಬರೀ ಹಾಸ್ಯನಟ ಅನ್ನುವುದು ಸರಿಯಾ?

ತೆಂಗಿನತೋಟ (ಅರಸೀಕೆರೆ): ಮೊನ್ನೆ ನಮ್ಮೂರ ಸ್ಟೇಷನ್ ಹೊರಗೆ ಟೀ ಕುಡಿಯುತ್ತಾ ಇಬ್ಬರು ಹುಡುಗರನ್ನು ಕೇಳಿದೆ, ಹಳೇ ಕನ್ನಡ ಸಿನಿಮಾಗಳ ನಟ ಬಾಲಕೃಷ್ಣ, ಅಂದರೆ ನಮ್ಮ ಬಾಲಣ್ಣ, ಯಾವ ಊರಿನವರು ಅಂತ. ಒಬ್ಬ ಮೈಸೂರು ಅಂದ. ಇನ್ನೊಬ್ಬ, "ಓ, ಆ ಹಳೇ ಕಾಮಿಡಿ ತಾತಾನಾ?" ಅಂದ. ಅವರು ಹುಟ್ಟಿದ್ದು ಇದೇ ಅರಸೀಕೆರೆಯಲ್ಲಿ! ಊರು ಗೊತ್ತಿಲ್ಲದಿದ್ದರೆ ಹೋಗಲಿ. 500ಕ್ಕೂ ಹೆಚ್ಚು ಚಿತ್ರ ಮಾಡಿದವರು ಬರೀ ಕಾಮಿಡಿ ತಾತನಾ?

ಹಾಸನ್ ಹುಡುಗ: ಬೇಜಾರಾಗಬೇಡಿ ಅಣ್ಣ, ನನಗೂ ಹಾಗೇ ಅನಿಸುತ್ತದೆ. ನಾನು 'ಪಾಪ ಪಾಂಡು', 'ಸಿಲ್ಲಿ ಲಲ್ಲಿ' ನೋಡಿ ಬೆಳೆದವನು. ಟೀವಿಯಲ್ಲಿ ಅಪ್ಪ ಹಳೇ ಸಿನಿಮಾ ಹಾಕಿದಾಗ ಬಾಲಣ್ಣ ಬಂದರೆ ನಗು ಬರುತ್ತದೆ. ನಗಿಸುವವರು ಹಾಸ್ಯನಟರು. ಅದರಲ್ಲಿ ಅವಮಾನ ಏನಿದೆ?

ಕಡೂರು ಮೇಷ್ಟ್ರು: ಅವಮಾನ ಇಲ್ಲ ಕಣಯ್ಯ, ಆದರೆ ಲೆಕ್ಕ ತಪ್ಪುತ್ತದೆ. ತಿಪಟೂರಿನ ನರಸಿಂಹರಾಜು ಹಾಸ್ಯ ಚಕ್ರವರ್ತಿ, ಒಪ್ಪಿದೆ. ಅವರು ಪರದೆಗೆ ಬಂದರೆ ಸಾಕು, ಜನ ನಗುತ್ತಿದ್ದರು. ಬಾಲಣ್ಣ ಬಂದರೆ ಮೊದಲು ಅನುಮಾನ ಬರುತ್ತದೆ: ಈ ಮನುಷ್ಯ ಒಳ್ಳೆಯವನಾ, ಕೆಟ್ಟವನಾ? 'ಗಂಧದ ಗುಡಿ'ಯಲ್ಲಿ ಖಳ. 'ಬಂಗಾರದ ಮನುಷ್ಯ'ದಲ್ಲಿ ನಾಯಕನಿಗೆ ನೆರವಾಗುವ ರಾಚೂಟಪ್ಪ. 'ಕಸ್ತೂರಿ ನಿವಾಸ'ದ ನಿಷ್ಠಾವಂತ ಸೇವಕ ರಾಮಯ್ಯನನ್ನು ನೋಡಿ ನಕ್ಕವರು ಯಾರಾದರೂ ಇದ್ದಾರಾ? (ಅಂದಹಾಗೆ ತಿಪಟೂರು, ಅರಸೀಕೆರೆ ಎರಡೂ ಒಂದೇ ರೈಲು ದಾರಿಯ ಊರು. ಕೊಬ್ಬರಿಯ ಜೊತೆ ನಟರನ್ನೂ ಕಳಿಸಿಕೊಟ್ಟಿವೆ.)

ಕಾಫಿಹೂವು (ಚಿಕ್ಕಮಗಳೂರು): ಎಲ್ಲರೂ ಒಂದು ವಿಷಯ ಬಿಟ್ಟಿರಿ. ಅವರಿಗೆ ಕಿವಿ ಸರಿಯಾಗಿ ಕೇಳುತ್ತಿರಲಿಲ್ಲ. ಎದುರಿನ ನಟರ ತುಟಿ ನೋಡಿ ಮಾತು ಹಿಡಿಯುತ್ತಿದ್ದರು. ನಮ್ಮ ತಾತನಿಗೂ ಕಿವಿ ಕೇಳುತ್ತಿರಲಿಲ್ಲ. ಟೀವಿ ಮುಂದೆ ಒಂದು ಮಾರು ದೂರದಲ್ಲಿ ಮಣೆ ಹಾಕಿಕೊಂಡು ಕೂರುತ್ತಿದ್ದರು. ಬೇರೆ ನಟರು ಬಂದರೆ ಅಡಿಕೆ ಕತ್ತರಿಸುತ್ತಾ ಇರುತ್ತಿದ್ದರು. ಬಾಲಣ್ಣ ಬಂದರೆ ಅಡಕತ್ತರಿ ನಿಲ್ಲುತ್ತಿತ್ತು. "ಇವನ ಮಾತು ನಂಗೆ ಕಾಣುತ್ತೆ ಕಣೇ" ಅನ್ನುತ್ತಿದ್ದರು. ಆಗ ನನಗೆ ಅರ್ಥ ಆಗಿರಲಿಲ್ಲ. ತುಟಿ ನೋಡಿ ಬದುಕುವವನು ಎದುರಿನ ಮುಖದಿಂದ ಕಣ್ಣು ತೆಗೆಯುವ ಹಾಗಿಲ್ಲ. ಆ ನೋಟವೇ ಖಳನಾದಾಗ ಹೊಂಚು ಹಾಕಿದ ಹಾಗೆ ಕಾಣುತ್ತದೆ, ರಾಮಯ್ಯನಾದಾಗ ಅಕ್ಕರೆಯ ಹಾಗೆ.

ಹಾಸನ್ ಹುಡುಗ: ಅಕ್ಕ, ಇದು ಸ್ವಲ್ಪ ಜಾಸ್ತಿ ಆಯಿತು. ನಿರ್ದೇಶಕರು ಹೇಳಿಕೊಟ್ಟಿದ್ದೂ ಇರುತ್ತದೆ ಅಲ್ವಾ?

ಕಾಫಿಹೂವು: ಇರಬಹುದು ಕಣೋ. ನೀನೇ ಒಂದು ಸಲ ಸೌಂಡ್ ತೆಗೆದು ನೋಡು, ಆಮೇಲೆ ಹೇಳು.

ಮಂಡಿ ಲೆಕ್ಕ: ನಟನೆಗೆ ಕೈ ಮುಗಿಯೋಣ. ಆದರೆ ಆ ಸ್ಟುಡಿಯೋ ಯಾಕೆ ಬೇಕಿತ್ತು? ಬೆಂಗಳೂರಿನ ಹೊರಗೆ ಅಭಿಮಾನ್ ಸ್ಟುಡಿಯೋ ಕಟ್ಟಲು ಹೋಗಿ ದುಡಿದದ್ದೆಲ್ಲ ಸುರಿದರು. ನಮ್ಮ ಕಡೆ ಹೇಳುವ ಹಾಗೆ, ಹಾಸಿಗೆ ಇದ್ದಷ್ಟು ಕಾಲು ಚಾಚಬೇಕಿತ್ತು.

ಕಡೂರು ಮೇಷ್ಟ್ರು: ಆಗ ಕನ್ನಡ ಸಿನಿಮಾ ಎಲ್ಲಿ ತಯಾರಾಗುತ್ತಿತ್ತು ಹೇಳಿ? ಹೆಚ್ಚಿನದೆಲ್ಲ ಮದ್ರಾಸಿನಲ್ಲಿ. ಕೆಲಸ ಇಲ್ಲದ ದಿನಗಳಲ್ಲಿ ರಾಜ್‌ಕುಮಾರ್, ನರಸಿಂಹರಾಜು, ಜಿ.ವಿ. ಅಯ್ಯರ್, ಬಾಲಣ್ಣ ನಾಲ್ವರೂ ಸೇರಿ ಕಲಾವಿದರ ಸಂಘ ಕಟ್ಟಿ ಊರೂರು ಸುತ್ತಿ ನಾಟಕ ಆಡಿದರು. 1960ರಲ್ಲಿ 'ರಣಧೀರ ಕಂಠೀರವ' ತೆಗೆದರು. ಹಾಸಿಗೆ ಅಳೆಯುತ್ತಾ ಕೂತಿದ್ದರೆ ಅದೂ ಆಗುತ್ತಿರಲಿಲ್ಲ.

ಮಂಡಿ ಲೆಕ್ಕ: ಸಂಘ ಸರಿ ಮೇಷ್ಟ್ರೇ, ಅಲ್ಲಿ ನಾಲ್ಕು ಹೆಗಲು ಇತ್ತು. ಸ್ಟುಡಿಯೋ ಒಬ್ಬರೇ ಹೊತ್ತರು. ನಾನು ಹೇಳಿದ್ದು ಅಷ್ಟೇ.

ಕಡೂರು ಮೇಷ್ಟ್ರು: ಅದನ್ನು ಒಪ್ಪಿದೆ.

ತೆಂಗಿನತೋಟ: ಬಾಲಣ್ಣ 1995ರಲ್ಲಿ ತೀರಿಕೊಂಡರು. 2009ರಲ್ಲಿ ನಟ ವಿಷ್ಣುವರ್ಧನ್ ಅಂತ್ಯಕ್ರಿಯೆ ಅಭಿಮಾನ್ ಸ್ಟುಡಿಯೋದಲ್ಲೇ ಆದಾಗ ಅದರ ಹೆಸರು ನಾಡಿಗೆಲ್ಲ ಗೊತ್ತಾಯಿತು. ಕಟ್ಟಿದವರು ಯಾರು ಅಂತ ಮಾತ್ರ ಯಾರೂ ಕೇಳಲಿಲ್ಲ. ನನ್ನ ಹೊಟ್ಟೆಯುರಿ ಅದೇ.

ಹಾಸನ್ ಹುಡುಗ: ಅಕ್ಕ ಹೇಳಿದ ಹಾಗೆ ಈಗ 'ಕಸ್ತೂರಿ ನಿವಾಸ' ಹಾಕಿ ಸೌಂಡ್ ತೆಗೆದು ಕೂತಿದ್ದೆ. ರಾಮಯ್ಯ ಯಜಮಾನನ ಮುಖ ಬಿಟ್ಟು ಎಲ್ಲೂ ನೋಡುವುದಿಲ್ಲ. ಅಮ್ಮ ಒಳಗಿಂದ ಬಂದು, "ಏನೋ, ಟೀವಿ ಕೆಟ್ಟಿದೆಯಾ?" ಅಂದರು. ಇಲ್ಲ ಅಂದೆ. ಅವರೂ ಹಾಗೇ ನೋಡುತ್ತಾ ಪಕ್ಕದಲ್ಲಿ ಕೂತರು. ಒಲೆ ಮೇಲಿದ್ದ ಹಾಲು ಉಕ್ಕಿತು.