‘ಓರ್ಲಿ’ ಹೆಸರಿನ ಅರ್ಥ ಏನು?

ಪ್ರಶ್ನೆ: ಗೋಕರ್ಣದಲ್ಲಿ ತೆಂಗಿನ ಚಿಪ್ಪಿನ ಪದಕದ ಮೇಲೆ ಹೀಬ್ರೂನಲ್ಲಿ ‘ಓರ್ಲಿ’ ಅಂತ ಕೆತ್ತಬೇಕಿದೆ. ಅರ್ಥ, ಅಕ್ಷರ ತಿಳಿಸ್ತೀರಾ? ಬೈಬಲ್ ಹೆಸರಾ?

ಉತ್ತರ 1: ಅಲ್ಲ, ಆಧುನಿಕ ಹೆಸರು. ‘ಓರ್’ ಬೆಳಕು, ‘ಲಿ’ ನನಗೆ. ‘ನನಗೆ ಬೆಳಕು’, ನಮ್ಮ ಜ್ಯೋತಿ, ದೀಪಾಗಳ ನೆಂಟಸ್ತಿ ಅನ್ನಿ. ಹಿಂದುಮುಂದಾದ್ರೆ ‘ಲಿಯೋರ್’, ಅದು ಗಂಡಿಗೂ ಹೆಣ್ಣಿಗೂ ಉಂಟು. ಪ್ಯಾರಿಸ್ಸಿನ ‘ಓರ್ಲಿ’ ವಿಮಾನ ನಿಲ್ದಾಣಕ್ಕೂ ಈ ಹೆಸರಿಗೂ ಸಂಬಂಧವಿಲ್ಲ.

ಉತ್ತರ 2: ಬಲದಿಂದ ಎಡಕ್ಕೆ 5 ಅಕ್ಷರ: ಆಲೆಫ್, ವಾವ್, ರೇಶ್, ಲಾಮೆದ್, ಯೋದ್. ಆಲೆಫ್ ಬದಲು ಆಯಿನ್ ಹಾಕಿದ್ರೆ ಉಚ್ಚಾರ ಅದೇ, ‘ಓರ್’ ಮಾತ್ರ ಚರ್ಮ ಆಗ್ತದೆ! ರೇಶ್‌ನ ಮೂಲೆ ದುಂಡಗಿರಲಿ. ಚೂಪಾದ್ರೆ ದಾಲೆತ್ ಆಗಿ ‘ಓದ್ಲಿ’ ಅಂತ ಓದ್ತಾರೆ. ವಾವ್ ಗೆರೆ ಕೆಳತನಕ ಇಳೀಬೇಕು, ಯೋದ್ ಅರ್ಧಕ್ಕೇ ನಿಲ್ಲಬೇಕು.

ಪ್ರಶ್ನೆ: ಲಾಮೆದ್?

ಉತ್ತರ 2: ಸಾಲಿಗಿಂತ ತಲೆ ಎತ್ತೋದು ಅದೊಂದೇ. ಮೇಲೆ ಜಾಗ ಬಿಡಿ.