ಲೆನಿನ್‌ಗ್ರಾಡ್ ಸಿಂಫನಿ: ಹಸಿದ ಊರಲ್ಲಿ ಇಷ್ಟೊಂದು ಊದುವ ವಾದ್ಯಗಳನ್ನು ನುಡಿಸಿದ್ದು ಹೇಗೆ?

ತಂಬೂರಿ_ಶ್ರುತಿ:
ರಷ್ಯಾದ ಸಂಗೀತ ರಚನೆಕಾರ ಶೊಸ್ತಕೋವಿಚ್ ಅವರ 7ನೇ ಸಿಂಫನಿಯನ್ನು (ದೊಡ್ಡ ವಾದ್ಯವೃಂದಕ್ಕಾಗಿ ಬರೆದ ಕೃತಿ) ಎರಡನೇ ಮಹಾಯುದ್ಧದಲ್ಲಿ ಜರ್ಮನ್ನರ ಮುತ್ತಿಗೆಗೆ ಸಿಕ್ಕಿದ್ದ ಲೆನಿನ್‌ಗ್ರಾಡ್‌ನಲ್ಲೇ (ಈಗಿನ ಸೇಂಟ್ ಪೀಟರ್ಸ್‌ಬರ್ಗ್) 1942ರ ಆಗಸ್ಟ್ 9ರಂದು ನುಡಿಸಿದರಲ್ಲ, ಅಷ್ಟು ವಾದಕರು ಎಲ್ಲಿಂದ ಸಿಕ್ಕರು? ಇನ್ನೊಂದು ಪ್ರಶ್ನೆ: ಮೊದಲ ಭಾಗದಲ್ಲಿ ಡ್ರಮ್ ಶುರುವಾಗುವ ಕಡೆ ಮೊಬೈಲಿನಲ್ಲಿ ಏನೂ ಕೇಳಿಸುವುದಿಲ್ಲ. ರೆಕಾರ್ಡಿಂಗ್ ಸರಿಯಿಲ್ಲವಾ?

ಕಹಳೆ_ಕೊಳಲು:
ಊರಿನ ದೊಡ್ಡ ಫಿಲ್‌ಹಾರ್ಮೊನಿಕ್ ವೃಂದವನ್ನು ಆಗಲೇ ದೂರದ ಸೈಬೀರಿಯಾದ ನೊವೊಸಿಬಿರ್ಸ್ಕ್‌ಗೆ ಸಾಗಿಸಿದ್ದರು. ಉಳಿದಿದ್ದು ನಿರ್ದೇಶಕ (ಕಂಡಕ್ಟರ್) ಕಾರ್ಲ್ ಎಲಿಯಾಸ್‌ಬರ್ಗ್ ಅವರ ರೇಡಿಯೊ ವೃಂದ. ಅದರಲ್ಲೂ ನುಡಿಸುವ ಸ್ಥಿತಿಯಲ್ಲಿದ್ದವರು ಸುಮಾರು 15 ಜನ. ಕೃತಿಗೆ ಹಿತ್ತಾಳೆಯ ಊದುವ ವಾದ್ಯಗಳೇ ಇಷ್ಟು ಬೇಕು: 8 ಹಾರ್ನ್, 6 ಟ್ರಂಪೆಟ್, 6 ಟ್ರೊಂಬೋನ್, 1 ಟ್ಯೂಬಾ. ಕಷ್ಟ ಇದ್ದದ್ದೇ ಇಲ್ಲಿ. ಹಿತ್ತಾಳೆ ವಾದ್ಯಕ್ಕೆ ಹೊಟ್ಟೆಯಿಂದ ಒತ್ತಿ ಬರುವ ಉಸಿರು ಬೇಕು, ತುಟಿ ಬಿಗಿಯಾಗಿ ನಿಲ್ಲಬೇಕು. ಹಸಿವಿನಿಂದ ಸ್ನಾಯು ಸೊರಗಿದರೆ ತುಟಿ ನಡುಗುತ್ತದೆ, ಸ್ವರ ಒಡೆಯುತ್ತದೆ. ಮಾರ್ಚ್‌ನ ಮೊದಲ ಅಭ್ಯಾಸ ಮೂರು ಗಂಟೆ ಅಂತ ಇಟ್ಟುಕೊಂಡಿದ್ದು 15 ನಿಮಿಷಕ್ಕೇ ನಿಂತುಹೋಯಿತು. ಆಮೇಲೆ ವಾದಕರಿಗೆ ಹೆಚ್ಚಿನ ರೇಷನ್ ಕೊಡಿಸಿದರು, ಸೇನೆಯ ಬ್ಯಾಂಡುಗಳಿಂದ ಊದುವವರನ್ನು ಕರೆಸಿದರು. ಕಛೇರಿಗೆ ಮುಂಚೆ ಇಡೀ ಕೃತಿಯನ್ನು ನುಡಿಸಿದ್ದು ಒಂದೇ ಸಲ.

ಆ ಸಂಜೆ ಸಭಾಂಗಣದ ಮೇಲೆ ಶೆಲ್ ಬೀಳದಿರಲಿ ಅಂತ ಸೋವಿಯತ್ ಸೇನಾಧಿಪತಿ ಗೊವರೋವ್ ಅವರ ಸೇನೆ ಮೊದಲೇ ಜರ್ಮನ್ ಫಿರಂಗಿ ನೆಲೆಗಳ ಮೇಲೆ ದಾಳಿ ಮಾಡಿ ಅವುಗಳ ಬಾಯಿ ಕಟ್ಟಿತ್ತು. ಧ್ವನಿವರ್ಧಕಗಳ ಮೂಲಕ ಸಂಗೀತ ಊರಿಗೂ ಕೇಳಿತು, ಶತ್ರುಗಳ ಸಾಲಿಗೂ ಕೇಳಿತು. ಫಿರಂಗಿಯವರೂ ಆ ಕಛೇರಿಯ ಪಕ್ಕವಾದ್ಯದವರೇ ಅಂತ ನನ್ನ ಅಭಿಪ್ರಾಯ.

ಲಯ_ಲೆಕ್ಕ:
ರೆಕಾರ್ಡಿಂಗ್ ಸರಿಯಾಗೇ ಇದೆ. ಸುಮಾರು 6–7ನೇ ನಿಮಿಷಕ್ಕೆ ಡ್ರಮ್ ಬರುವುದೇ ಪಿಸುಮಾತಿನಷ್ಟು ಮೆಲ್ಲಗೆ, ಜೊತೆಗೆ ತಂತಿಗಳನ್ನು ಬೆರಳಲ್ಲಿ ಮೀಟುವ ಸದ್ದು. ಅಲ್ಲಿ ವಾಲ್ಯೂಮ್ ಏರಿಸಿದರೆ ಹತ್ತು ನಿಮಿಷಕ್ಕೆ ಕಿವಿ ಕಿತ್ತುಹೋಗುತ್ತದೆ. ಮೊದಲು 16–18ನೇ ನಿಮಿಷದ ಅಬ್ಬರಕ್ಕೆ ಹೋಗಿ ವಾಲ್ಯೂಮ್ ಹೊಂದಿಸಿ, ಆಮೇಲೆ ಹಿಂದಕ್ಕೆ ಬನ್ನಿ. ಹೆಡ್‌ಫೋನ್ ಇರಲೇಬೇಕು, ಮೊಬೈಲ್ ಸ್ಪೀಕರಿನಲ್ಲಿ ಮಂದ್ರದ ತಂತಿಗಳು ಕೇಳುವುದೇ ಇಲ್ಲ.

ಒಂದೇ ಧಾಟಿ 12 ಸಲ ಬರುತ್ತದೆ, ಬದಲಾಗುವುದು ವಾದ್ಯ ಮತ್ತು ತೂಕ ಮಾತ್ರ. ಡ್ರಮ್ಮಿನ ನಡೆ ಕದಲುವುದಿಲ್ಲ, ತಬಲದ ಠೇಕಾ ಇದ್ದ ಹಾಗೆ. ಡ್ರಮ್ ಬಾರಿಸುವವರು ಮೊದಲೇ ಜೋರು ಮಾಡಿದರೆ, ಇಲ್ಲವೇ ಓಟ ಹೆಚ್ಚಿಸಿದರೆ, ಮುಂದೆ ಏರಲು ಜಾಗವೇ ಉಳಿಯುವುದಿಲ್ಲ. ಆಮೇಲೆ ಹೆಚ್ಚುವರಿಯಾಗಿ ಇಟ್ಟ ಎರಡನೇ ಹಿತ್ತಾಳೆ ವಾದ್ಯಗಳ ತಂಡ ನುಗ್ಗಿದಾಗ ಶ್ರುತಿಯೇ ಬದಲಾಗುತ್ತದೆ, ಷಡ್ಜವನ್ನು ಕಿತ್ತು ಬೇರೆ ಕಡೆ ನೆಟ್ಟಂತೆ.

ಅಬ್ಬರ ಇಳಿದ ಮೇಲೆ ಬಸೂನಿನ (ಮಂದ್ರ ಸ್ವರದ ಮರದ ಊದುವ ವಾದ್ಯ) ಉದ್ದನೆಯ ಒಂಟಿ ಶೋಕಗೀತೆ ಇದೆ. ಅಲ್ಲಿಗೇ ನಿಲ್ಲಿಸಬೇಡಿ. ಭಾಗ ಮುಗಿಯುವ ಮುನ್ನ ಅದೇ ಡ್ರಮ್ ದೂರದಿಂದ ಮತ್ತೆ ಕೇಳಿಸುತ್ತದೆ.