ಮಗನ ಸ್ಕೂಲ್ ಪ್ರಾಜೆಕ್ಟಲ್ಲಿ ಬೈಬಲ್ ವಾಕ್ಯ, ಟೀಚರ್‌ಗೆ ಹೇಳಬೇಕಾ?

ಮಿಸ್ಸಿಸಾಗಾ ಅಮ್ಮ:
ಎಲ್ಲರಿಗೂ ನಮಸ್ಕಾರ. ಮಗ ಗ್ರೇಡ್ 5. ಕೆನಡಾ ಲಾಂಛನದ ಕೆಳಗೆ ‘ಆ ಮಾರಿ ಉಸ್ಕ್ವೆ ಆಡ್ ಮಾರೆ’ ಅಂತ ಲ್ಯಾಟಿನ್‌ನಲ್ಲಿ ಇದೆಯಲ್ಲ, ಅದು ಎಲ್ಲಿಂದ ಬಂತು ಅಂತ ಅರ್ಧ ಪುಟ ಬರೀಬೇಕು, ಸೋಮವಾರ ಕ್ಲಾಸಲ್ಲಿ ಮಾತಾಡಬೇಕು. ಹುಡುಕಿದ್ರೆ ಬೈಬಲ್ ಅಂತ ಬಂತು. ಊರಿಂದ ಅತ್ತೆ ವಿಡಿಯೋ ಕಾಲಲ್ಲಿದ್ದಾಗಲೇ ಜೋರಾಗಿ ಓದಿಬಿಟ್ಟ. “ಸ್ಕೂಲಲ್ಲಿ ಇದನ್ನೇ ಕಲಿಸ್ತಾರಾ?” ಅಂತ ಶುರುವಾಯ್ತು. ಮನೆಯವರೂ ಮುಖ ಗಂಟು ಹಾಕ್ಕೊಂಡಿದ್ದಾರೆ. ಟೀಚರ್‌ಗೆ ಬರೆದು ಬೇರೆ ವಿಷಯ ಕೇಳಲಾ?

ಹ್ಯಾಲಿಫ್ಯಾಕ್ಸ್ ಹುಡುಗ:
ಅಕ್ಕ, ಕೀರ್ತನೆ 72, 8ನೇ ವಚನ ಅದು. ಅರಸನ ಆಳ್ವಿಕೆ ಸಮುದ್ರದಿಂದ ಸಮುದ್ರದವರೆಗೆ ಇರಲಿ ಅನ್ನೋ ಹಾರೈಕೆ. 1867ರಲ್ಲಿ ದೇಶಕ್ಕೆ ‘ಡೊಮಿನಿಯನ್’ (ಇಂಗ್ಲಿಷ್ ಬೈಬಲಲ್ಲಿ ಈ ‘ಆಳ್ವಿಕೆ’ಗೆ ಇರೋ ಪದ) ಅಂತ ಕರೆದಿದ್ದಕ್ಕೂ ಇದೇ ವಚನ ಕಾರಣ ಅಂತಾರೆ. ಮಜಾ ಅಂದ್ರೆ ಆಗ ಕೆನಡಾ ಪೆಸಿಫಿಕ್ ಮುಟ್ಟಿರಲೇ ಇಲ್ಲ, ಬ್ರಿಟಿಷ್ ಕೊಲಂಬಿಯಾ ಸೇರಿದ್ದು 1871ರಲ್ಲಿ. ನಮ್ಮ ಹ್ಯಾಲಿಫ್ಯಾಕ್ಸಲ್ಲಿ ಪಾದ್ರಿಯಾಗಿದ್ದ ಜಾರ್ಜ್ ಮನ್ರೋ ಗ್ರಾಂಟ್ 1872ರಲ್ಲಿ ರೈಲ್ವೆ ಎಂಜಿನಿಯರ್ ಸ್ಯಾಂಡ್‌ಫೋರ್ಡ್ ಫ್ಲೆಮಿಂಗ್ ಜೊತೆ ಕಾರ್ಯದರ್ಶಿಯಾಗಿ ರೈಲು ದಾರಿ ನೋಡೋಕೆ ಪಶ್ಚಿಮ ಕರಾವಳಿ ತನಕ ಹೋದ. ಪ್ರವಚನಗಳಲ್ಲಿ ಈ ಮಾತನ್ನು ಹೇಳಿ ಹೇಳಿ ಜನರ ಬಾಯಿಗೆ ತಂದಿದ್ದು ಅವನೇ. ಅರ್ಧ ಪುಟಕ್ಕೆ ಇಷ್ಟು ಧಾರಾಳ ಆಯ್ತು.

ಹುಬ್ಬಳ್ಳಿ ಕಾಕಾ:
ತಂಗಿ, ನಮ್ಮ ‘ಸತ್ಯಮೇವ ಜಯತೇ’ ಮುಂಡಕೋಪನಿಷತ್ತಿಂದು. ಆ ನಾಣ್ಯ ಎಲ್ಲಾ ಧರ್ಮದವ್ರೂ ಕಿಸೇದಾಗ ಇಟ್ಕೊಂಡು ಅಡ್ಡಾಡ್ತಾರ. ಅತ್ತಿಯವ್ರಿಗೆ ಹಿಂಗ ಹೇಳ್ರಿ, ಸುಮ್ನಾಗ್ತಾರ. ಅದಿರ್ಲಿ, ಹುಡುಗನ್ನ ಕನ್ನಡ ಕ್ಲಾಸಿಗೆ ಹಚ್ಚೀರಿಲ್ಲೋ? ನಾವು ಹಚ್ಚಲಿಲ್ಲ. ಈಗ ಮೊಮ್ಮಗಳು ಫ್ರೆಂಚ್ ಇಮ್ಮರ್ಶನ್ ಸಾಲಿ, ಅಂದ್ರ ಪಾಠ ಬಹಳಷ್ಟು ಫ್ರೆಂಚಿನ್ಯಾಗ. ನನ್ನ ಕೂಡ ಅರ್ಧ ಫ್ರೆಂಚಿನ್ಯಾಗ ಮಾತಾಡ್ತಾಳ, ನಾ ಬರೇ ಹೂಂ ಅಂತೀನಿ.

ಸರ್ರೆ ರಾಯರು:
ಬೈಬಲ್ಲೋ ಉಪನಿಷತ್ತೋ ಆಮೇಲೆ ನೋಡೋಣ. ಸಮುದ್ರದಿಂದ ಸಮುದ್ರಕ್ಕೆ ಅಂತ ಹಾಡಿದವರೇ 1914ರಲ್ಲಿ ವ್ಯಾಂಕೂವರ್ ಬಂದರಿನಲ್ಲಿ ಕೊಮಗಾಟಾ ಮಾರು ಹಡಗನ್ನು ಎರಡು ತಿಂಗಳು ತಡೆದು ವಾಪಸ್ ಅಟ್ಟಿದರು. 376 ಜನ, ಬಹುಪಾಲು ಸಿಖ್ಖರು. ಬೆರಳೆಣಿಕೆಯವರನ್ನು ಬಿಟ್ಟು ಯಾರನ್ನೂ ಇಳಿಯಗೊಡಲಿಲ್ಲ. ಹುಟ್ಟಿದ ದೇಶದಿಂದ ಎಲ್ಲೂ ಬದಲಿಸದೆ ನೇರ ಬರಬೇಕು ಅಂತ 1908ರ ನಿಯಮ. ಭಾರತದಿಂದ ಹಾಗೆ ಬರೋಕೆ ಹಡಗೇ ಇರಲಿಲ್ಲ, ಅದು ಗೊತ್ತಿದ್ದೇ ಮಾಡಿದ್ದು. ಏಳು ವರ್ಷಕ್ಕೆ, 1921ರಲ್ಲಿ, ಈ ವಾಕ್ಯ ಲಾಂಛನಕ್ಕೆ ಏರಿತು! ಸಂಸತ್ತಿನಲ್ಲಿ ಪ್ರಧಾನಿ ಕ್ಷಮೆ ಕೇಳಿದ್ದು 2016ರಲ್ಲಿ. ಮಗ ಇದನ್ನು ಬರೀಲಿ.

ಕ್ಯಾಲ್ಗರಿ ಟೆಕ್ಕಿ:
ರಾಯರೇ, ಹಿಮದ ಟೈರ್ ಬಗ್ಗೆ ಕೇಳಿದ್ರೂ ನೀವು ಆ ಹಡಗಿಗೇ ಬರ್ತೀರ. ಮಗು ಸರ್ ಅದು. ಈ ದೇಶ ನಮಗೆ ಕೆಲಸ ಕೊಟ್ಟಿದೆ, ಪಾಸ್‌ಪೋರ್ಟ್ ಕೊಟ್ಟಿದೆ.

ಸರ್ರೆ ರಾಯರು:
ಪುಕ್ಕಟೆ ಕೊಟ್ಟಿಲ್ಲ. ಟ್ಯಾಕ್ಸ್ ಕಟ್ತೀವಿ. ನೀವು ಇವತ್ತು ವಿಮಾನದಿಂದ ಇಳಿದು ನೆಟ್ಟಗೆ ಮನೆಗೆ ಹೋಗ್ತೀರಲ್ಲ, ಅವರು ನೀರಿಲ್ಲದೆ ಡೆಕ್ ಮೇಲೆ ಕೂತಿದ್ದರು.

ಕ್ಯಾಲ್ಗರಿ ಟೆಕ್ಕಿ:
ಅಷ್ಟು ಕಷ್ಟ ಆದ್ರೆ ವಾಪಸ್ ಹೋಗಬಹುದಲ್ಲ.

ಸರ್ರೆ ರಾಯರು:
1914ರಲ್ಲೂ ಇದನ್ನೇ ಹೇಳಿದ್ದು.

ರೆಜೈನಾ ಗೃಹಿಣಿ:
ಜಗಳದ ಮಧ್ಯೆ ಒಂದು ಮಾತು. ಲಾಂಛನಕ್ಕೂ ಮೊದಲೇ, 1906ರಲ್ಲಿ, ನಮ್ಮ ಸಸ್ಕ್ಯಾಚವನ್ ಶಾಸನಸಭೆಯ ರಾಜದಂಡದ ಮೇಲೆ ಇದನ್ನು ಕೆತ್ತಿದ್ದರು. ಸುತ್ತಲೂ ಸಮುದ್ರವೇ ಇಲ್ಲದ ಪ್ರಾಂತ್ಯ ನೋಡಿ! 2006ರಲ್ಲಿ ಉತ್ತರದ ಮೂರು ಪ್ರದೇಶಗಳ ಪ್ರೀಮಿಯರ್‌ಗಳು ಆರ್ಕ್ಟಿಕ್ ಬಿಟ್ಟುಹೋಗಿದೆ, ಮೂರನೇ ಸಮುದ್ರವನ್ನೂ ಸೇರಿಸಿ ಅಂತ ಕೇಳಿದ್ದರು. ಗುರಾಣಿಯ ಸುತ್ತ ಕೆಂಪು ಪಟ್ಟಿಯಲ್ಲಿ ಇನ್ನೊಂದು ಲ್ಯಾಟಿನ್ ವಾಕ್ಯ ಇದೆ, ‘ಉತ್ತಮ ನಾಡನ್ನು ಬಯಸುವವರು’ ಅಂತ. ಆರ್ಡರ್ ಆಫ್ ಕೆನಡಾ ಅನ್ನೋ ರಾಷ್ಟ್ರೀಯ ಗೌರವದ ಧ್ಯೇಯವಾಕ್ಯ ಅದು, 1994ರಲ್ಲಿ ಸೇರಿಸಿದ್ದು. ಅದೂ ಬೈಬಲ್ಲಿಂದಲೇ.

ಹುಬ್ಬಳ್ಳಿ ಕಾಕಾ:
ಉತ್ತಮ ನಾಡು ಬಯಸೇ ಬಂದ್ವಿ ತಂಗಿ. ಅವ್ವ ತೀರ್ಕೊಂಡಾಗ ಟಿಕೆಟ್ ಸಿಗಲಿಲ್ಲ.

ಮಿಸ್ಸಿಸಾಗಾ ಅಮ್ಮ:
ಎಲ್ಲರಿಗೂ ಥ್ಯಾಂಕ್ಸ್. ಟೀಚರ್‌ಗೆ ಬರೀಬೇಕೋ ಬೇಡ್ವೋ, ಅದನ್ನ ಯಾರೂ ಹೇಳಲೇ ಇಲ್ಲ.

ಸರ್ರೆ ರಾಯರು:
ಖಂಡಿತ ಬರೀರಿ. ಕೊಮಗಾಟಾ ಮಾರು ಯಾವ ಗ್ರೇಡಲ್ಲಿ ಕಲಿಸ್ತೀರಿ ಅಂತ ಕೇಳಿ.